ಅಂಗಡಿ ಮುಚ್ಚಿದ ಮೇಲೆ ಆಟ ಉಳಿಯುವುದು ಹೇಗೆ?

ಮನೆಯ ಕಪಾಟನ್ನೋ ಅಟ್ಟವನ್ನೋ ಶುಚಿಗೊಳಿಸುವಾಗ ಒಂದು ಹಳೆಯ ವಿಡಿಯೋ ಗೇಮ್ ಕೈಗೆ ಸಿಗುವುದುಂಟು. ಎಂದೋ ಗಲ್ಫ್‌ನಿಂದ ರಜೆಯಲ್ಲಿ ಬಂದ ತಂದೆಯೋ ಮಾವನೋ ಮಕ್ಕಳಿಗೆಂದು ತಂದುಕೊಟ್ಟದ್ದು. ತಾಯಿಯ ಕಣ್ಣಿಗೆ ಅದು ಧೂಳು ಹಿಡಿದ ಒಂದು ಪ್ಲಾಸ್ಟಿಕ್ ಡಬ್ಬಿ. ಗುಜರಿಯವನು ಬಂದಾಗ ಹಳೆಯ ಪತ್ರಿಕೆಗಳ ಜೊತೆ ಕೊಟ್ಟುಬಿಡೋಣ ಎಂದುಕೊಳ್ಳುತ್ತಾಳೆ. ಅಷ್ಟರಲ್ಲಿ ಕಾಲೇಜಿಗೆ ಹೋಗುವ ಮಗಳು ಓಡಿ ಬರುತ್ತಾಳೆ: "ಉಮ್ಮಾ, ಅದನ್ನು ಕೊಡಬೇಡಿ. ಅದರಲ್ಲಿ ನನ್ನ ಊರು ಇದೆ!"

ಡಬ್ಬಿಯೊಳಗೆ ಊರು ಎಂದರೇನು ಎಂದು ತಾಯಿಗೆ ಅಚ್ಚರಿಯಾಗಬಹುದು. ಆದರೆ ಮಗಳ ಮಾತು ಸುಳ್ಳಲ್ಲ. ಜಪಾನಿನ ನಿಂಟೆಂಡೋ ಕಂಪೆನಿಯ 3ಡಿಎಸ್ ಎಂಬ ಕೈಯಲ್ಲಿ ಹಿಡಿದು ಆಡುವ ಯಂತ್ರಕ್ಕೆ 2012ರಲ್ಲಿ 'ಅನಿಮಲ್ ಕ್ರಾಸಿಂಗ್: ನ್ಯೂ ಲೀಫ್' ಎಂಬ ಆಟ ಬಂತು. ಅದರಲ್ಲಿ ಕೊಲ್ಲುವುದಿಲ್ಲ, ಗುಂಡು ಹಾರಿಸುವುದಿಲ್ಲ. ಒಂದು ಪುಟ್ಟ ಊರು, ಮನೆ, ಹಣ್ಣಿನ ಮರಗಳು, ನೆರೆಹೊರೆ, ಅಷ್ಟೇ. ಒಂದೇ ಯಂತ್ರದಲ್ಲಿ ಮನೆಯ ನಾಲ್ಕು ಮಂದಿ ಅದೇ ಊರಿನ ನಿವಾಸಿಗಳಾಗಿ, ಒಬ್ಬರಿಗೊಬ್ಬರು ಪತ್ರ ಬರೆದಿಡಬಹುದು. ಅಕ್ಕ ಮದುವೆಯಾಗಿ ಹೋದ ಮೇಲೂ ಆಕೆ ತಂಗಿಗೆ ಬರೆದಿಟ್ಟ ಪತ್ರ ಆ ಊರಿನಲ್ಲಿ ಹಾಗೆಯೇ ಇರುತ್ತದೆ. ಆ ಯಂತ್ರದ ತಯಾರಿಕೆ ಮಾತ್ರ 2020ರ ಸೆಪ್ಟೆಂಬರ್‌ನಲ್ಲಿ ನಿಂತುಹೋಗಿದೆ.

ತಯಾರಿಕೆ ನಿಂತ ಯಂತ್ರದ ಆಟಗಳಿಗೆ ಮುಂದೇನಾಗುತ್ತದೆ? ಮಕ್ಕಳ ವಿಷಯವೆಂದು ನಾವು ಬದಿಗಿಡುವ ಈ ಪ್ರಶ್ನೆಯ ಬಗ್ಗೆ ಗ್ರಂಥಾಲಯಗಳು, ವಸ್ತುಸಂಗ್ರಹಾಲಯಗಳು ಮತ್ತು ಕಾನೂನು ತಜ್ಞರು ತಲೆಕೆಡಿಸಿಕೊಂಡಿದ್ದಾರೆ.

ಮುಚ್ಚಿದ ಅಂಗಡಿ

ಹಿಂದೆ ಆಟ ಎಂದರೆ ಕೈಯಲ್ಲಿ ಹಿಡಿಯುವ ವಸ್ತುವಾಗಿತ್ತು. ಕ್ಯಾಸೆಟ್‌ನಂತಹ ಕಾರ್ಟ್ರಿಜ್ ಇರುತ್ತಿತ್ತು, ಇಲ್ಲವೇ ಸಿ.ಡಿ. ಇರುತ್ತಿತ್ತು. 2000ದ ನಂತರದ ವರ್ಷಗಳಲ್ಲಿ ಕಂಪೆನಿಗಳು ಯಂತ್ರದೊಳಗೇ ಒಂದು ಅಂಗಡಿ ತೆರೆದವು. ಹಣ ಕಟ್ಟಿದರೆ ಇಂಟರ್‌ನೆಟ್ ಮೂಲಕ ಆಟ ಇಳಿದು ಬರುತ್ತಿತ್ತು. ಡಬ್ಬಿಯೂ ಇಲ್ಲ, ಡಿಸ್ಕೂ ಇಲ್ಲ. ಎಷ್ಟೋ ಆಟಗಳು ಅಲ್ಲಿ ಮಾತ್ರ ಸಿಗುತ್ತಿದ್ದವು.

ಆದರೆ ಅಂಗಡಿ ಕಂಪೆನಿಯದ್ದು. ಅದು ಬಾಗಿಲು ಹಾಕಿದರೆ ಕೇಳುವವರು ಯಾರು? ನಿಂಟೆಂಡೋ ತನ್ನ 'ವೀ' ಯಂತ್ರದ ಅಂಗಡಿಯನ್ನು 2019ರ ಜನವರಿ 30ರಂದು ಮುಚ್ಚಿತು. 3ಡಿಎಸ್ ಮತ್ತು 'ವೀ ಯು' ಯಂತ್ರಗಳ ಅಂಗಡಿ 2023ರ ಮಾರ್ಚ್ 27ರಂದು ಮುಚ್ಚಿತು. 2024ರ ಏಪ್ರಿಲ್‌ನಲ್ಲಿ ಆ ಎರಡೂ ಯಂತ್ರಗಳಲ್ಲಿ ಇಂಟರ್‌ನೆಟ್ ಮೂಲಕ ಜೊತೆಗೂಡಿ ಆಡುವ ಸೌಲಭ್ಯವೂ ನಿಂತಿತು. ಮೊದಲೇ ಕೊಂಡವರು ತಮ್ಮ ಆಟವನ್ನು ಮತ್ತೆ ಇಳಿಸಿಕೊಳ್ಳಬಹುದು ಎಂದು ಕಂಪೆನಿ ಹೇಳಿತು. ಆದರೆ ಎಂದಿನವರೆಗೆ ಎಂಬ ದಿನಾಂಕವನ್ನು ಕೊಡಲಿಲ್ಲ.

ಮುಚ್ಚುವ ಮೊದಲು ಅಮೆರಿಕದ ಒಬ್ಬ ಯೂಟ್ಯೂಬರ್ ಆ ಅಂಗಡಿಗಳಲ್ಲಿದ್ದ ಆಟಗಳನ್ನೆಲ್ಲ ಕೊಳ್ಳಲು ಹೊರಟ. 22 ಸಾವಿರಕ್ಕೂ ಹೆಚ್ಚು ಡಾಲರ್ ಖರ್ಚಾಯಿತು. ಎರಡು ಸಾವಿರಕ್ಕೂ ಮಿಕ್ಕ ಆಟಗಳನ್ನು ಸಂಗ್ರಹಿಸಲು ಸುಮಾರು ಒಂದು ವರ್ಷ ಹಿಡಿಯಿತು. ಆ ಸಂಗ್ರಹವನ್ನು 'ವಿಡಿಯೋ ಗೇಮ್ ಹಿಸ್ಟರಿ ಫೌಂಡೇಶನ್' ಎಂಬ ಸಂಸ್ಥೆಗೆ ಕೊಡುವುದಾಗಿ ಆತ ಪ್ರಕಟಿಸಿದ. ಇದೇ ಸಂಸ್ಥೆ 2023ರ ಜುಲೈನಲ್ಲಿ ಒಂದು ಅಧ್ಯಯನವನ್ನು ಹೊರತಂದಿತು. 2010ಕ್ಕೆ ಮೊದಲು ಅಮೆರಿಕದಲ್ಲಿ ಬಿಡುಗಡೆಯಾದ ಆಟಗಳಲ್ಲಿ ಶೇಕಡಾ 87ರಷ್ಟು ಇಂದು ಅಂಗಡಿಯಲ್ಲಿ ಕೊಳ್ಳಲು ಸಿಗುವುದಿಲ್ಲ ಎಂದು ಅದು ತಿಳಿಸಿತು. ನೂರರಲ್ಲಿ ಹದಿಮೂರು ಮಾತ್ರ ಉಳಿದಿವೆ. ನೂರು ಪುಸ್ತಕಗಳಲ್ಲಿ ಎಂಬತ್ತೇಳು ಯಾವ ಅಂಗಡಿಯಲ್ಲೂ ಸಿಗದಿದ್ದರೆ ಓದುವವರ ಗತಿಯೇನು ಎಂದು ಯೋಚಿಸಿ ನೋಡಿ.

ಆಕಾಶದಿಂದ ಬಂದ ಆಟಗಳು

ನಷ್ಟ ಎಂದರೇನು ಎಂಬುದಕ್ಕೆ ಜಪಾನಿನ ಒಂದು ಉದಾಹರಣೆ ಸಾಕು. 1995ರ ಏಪ್ರಿಲ್‌ನಲ್ಲಿ ಅಲ್ಲಿ 'ಸ್ಯಾಟೆಲ್ಲಾವ್ಯೂ' ಎಂಬ ಉಪಕರಣದ ಸೇವೆ ಆರಂಭವಾಯಿತು. ನಿಂಟೆಂಡೋದ ಸೂಪರ್ ಫ್ಯಾಮಿಕಾಮ್ ಯಂತ್ರದ ಅಡಿಗೆ ಅದನ್ನು ಜೋಡಿಸಬೇಕಿತ್ತು. ರೇಡಿಯೋ ಕಾರ್ಯಕ್ರಮ ಬರುವ ಹಾಗೆ ಉಪಗ್ರಹದ ಮೂಲಕ ಆಟಗಳು ಮನೆಗೆ ಬರುತ್ತಿದ್ದವು. ಬಂದ ಆಟವನ್ನು ಒಂದು ಪುಟ್ಟ ಮೆಮೊರಿ ಪ್ಯಾಕ್‌ನಲ್ಲಿ ಉಳಿಸಿಕೊಳ್ಳಬೇಕು. ಅದರ ಸಾಮರ್ಥ್ಯ ಕೇವಲ ಒಂದು ಮೆಗಾಬೈಟ್. ಇಂದಿನ ಮೊಬೈಲಿನ ಒಂದು ಫೋಟೋ ಹಿಡಿಸುವುದೂ ಅದರಲ್ಲಿ ಕಷ್ಟ. ಹೊಸ ಆಟ ಬೇಕೆಂದರೆ ಹಳೆಯದನ್ನು ಅಳಿಸಲೇಬೇಕಾಗುತ್ತಿತ್ತು.

ಕೆಲವು ಆಟಗಳಿಗೆ ನಿಗದಿತ ಸಮಯದಲ್ಲಿ ಕಲಾವಿದರ ಧ್ವನಿಯೂ ಜೊತೆಯಲ್ಲಿ ಪ್ರಸಾರವಾಗುತ್ತಿತ್ತು. 1995ರ ಆಗಸ್ಟ್‌ನಲ್ಲಿ 'ಜೆಲ್ಡಾ' ಆಟವೊಂದು ವಾರಕ್ಕೊಂದು ಕಂತಿನಂತೆ ನಾಲ್ಕು ವಾರ ಹೀಗೆಯೇ ಬಂತು. ಆ ಧ್ವನಿ ಮೆಮೊರಿ ಪ್ಯಾಕ್‌ನಲ್ಲಿ ಉಳಿಯುತ್ತಿರಲಿಲ್ಲ. ಕೇಳಿದವರು ಕೇಳಿದರು, ಅಷ್ಟೇ. 2000ದ ಜೂನ್ 30ರಂದು ಪ್ರಸಾರವೇ ನಿಂತುಹೋಯಿತು.

ಹಾಗಾದರೆ ಆ ಆಟಗಳಲ್ಲಿ ಒಂದಷ್ಟಾದರೂ ಇಂದು ಹೇಗೆ ಉಳಿದಿವೆ? ಸಾಮಾನ್ಯ ಮನೆಗಳ ಕಪಾಟುಗಳಿಂದ! ಯಾರೋ ಅಳಿಸದೆ ಬಿಟ್ಟ ಮೆಮೊರಿ ಪ್ಯಾಕ್‌ಗಳು ಹಳೆಯ ಸಾಮಾನುಗಳ ಜೊತೆ ಮಾರಾಟಕ್ಕೆ ಬಂದವು. ಆಸಕ್ತರು ಅವುಗಳನ್ನು ಕೊಂಡು ಒಳಗೇನಿದೆ ಎಂದು ಓದಿ ಕಂಪ್ಯೂಟರಿಗೆ ನಕಲು ಮಾಡಿದರು. 1996ರಲ್ಲಿ ಪ್ರಸಾರವಾದ 'ರ್‍ಯಾಡಿಕಲ್ ಡ್ರೀಮರ್ಸ್' ಎಂಬ ಕಥೆಯ ಆಟವನ್ನು ಕಂಪೆನಿ ಮತ್ತೆ ಅಧಿಕೃತವಾಗಿ ಹೊರತಂದದ್ದು 2022ರ ಏಪ್ರಿಲ್‌ನಲ್ಲಿ. ನಡುವಿನ ಇಪ್ಪತ್ತಾರು ವರ್ಷ ಅದು ಜನರಿಗೆ ಸಿಕ್ಕಿದ್ದು ಇಂಥ ನಕಲುಗಳಿಂದಲೇ.

ಇನ್ನೂ ಸ್ವಾರಸ್ಯದ ಸಂಗತಿಯಿದೆ. 'ಬಿ.ಎಸ್. ಎಫ್-ಜೀರೋ' ಎಂಬ ಕಾರ್ ಓಟದ ಆಟದ ಕೆಲವು ರಸ್ತೆಗಳು ಪೂರ್ತಿ ಕಳೆದುಹೋಗಿದ್ದವು. ಅಂದು ಯಾರೋ ಆಡುವಾಗ ಮನೆಯ ವಿ.ಸಿ.ಆರ್.ನಲ್ಲಿ ಅದನ್ನು ರೆಕಾರ್ಡ್ ಮಾಡಿಟ್ಟಿದ್ದರು. ಆ ವಿಡಿಯೋದ ಚಿತ್ರಗಳನ್ನು ಒಂದೊಂದಾಗಿ ಅಳೆದು, ಅಭಿಮಾನಿಗಳು 2024ರಲ್ಲಿ ಆ ರಸ್ತೆಗಳನ್ನು ಮರಳಿ ಕಟ್ಟಿದರು. ಒಂದು ಮನೆಯವರು ಎಸೆಯದೆ ಇಟ್ಟ ಕ್ಯಾಸೆಟ್ ಇಲ್ಲದಿದ್ದರೆ ಅದು ಸಾಧ್ಯವಾಗುತ್ತಿರಲಿಲ್ಲ.

ತಯಾರಿಸಿದವರ ಬಳಿ ಎಲ್ಲವೂ ಇರುತ್ತದಲ್ಲವೇ ಎಂದು ನಾವು ಭಾವಿಸುತ್ತೇವೆ. ಅದೂ ನಿಜವಲ್ಲ. 2002ರ 'ಕಿಂಗ್‌ಡಮ್ ಹಾರ್ಟ್ಸ್' ಆಟದ ಮೂಲ ಸಾಮಗ್ರಿ ಅದರ ಕಂಪೆನಿಯಲ್ಲೇ ಕಳೆದುಹೋಗಿತ್ತು. ಹೊಸ ಆವೃತ್ತಿಯನ್ನು ಸಿದ್ಧಪಡಿಸುವಾಗ ಮಾರಾಟವಾದ ಆಟವನ್ನೇ ಬಿಡಿಸಿ ನೋಡಿ ಬಹುಭಾಗವನ್ನು ಮತ್ತೆ ರಚಿಸಬೇಕಾಯಿತು.

ವಸ್ತು ಕೈಯಲ್ಲಿದ್ದರೂ ಸಾಲದು

ಕಾರ್ಟ್ರಿಜ್ ನಮ್ಮ ಬಳಿಯೇ ಇದೆ, ಹಾಗಾಗಿ ಚಿಂತೆಯಿಲ್ಲ ಎನ್ನುವಂತೆಯೂ ಇಲ್ಲ. ಗೇಮ್ ಬಾಯ್‌ನಂತಹ ಹಳೆಯ ಯಂತ್ರಗಳ ಹಲವು ಕಾರ್ಟ್ರಿಜ್‌ಗಳ ಒಳಗೆ ಗಡಿಯಾರದ ಸೆಲ್‌ನಂತಹ ಒಂದು ಪುಟ್ಟ ಬ್ಯಾಟರಿ ಇದೆ. ಆಟ ಎಲ್ಲಿಯವರೆಗೆ ಸಾಗಿದೆ ಎಂಬ ನೆನಪನ್ನು ಅದು ಕಾಯುತ್ತದೆ. ವರ್ಷಗಳು ಕಳೆದಂತೆ ಆ ಬ್ಯಾಟರಿ ಸಾಯುತ್ತದೆ. ಆಗ ಆಟ ಉಳಿಯುತ್ತದೆ, ನೆನಪು ಹೋಗುತ್ತದೆ. 1999ರ 'ಪೋಕೆಮಾನ್ ಗೋಲ್ಡ್' ಮತ್ತು 'ಸಿಲ್ವರ್'ಗಳಲ್ಲಿ ಗಡಿಯಾರವೂ ಅದೇ ಬ್ಯಾಟರಿಯಿಂದ ನಡೆಯುವುದರಿಂದ ಅದು ಇನ್ನೂ ಬೇಗ ಮುಗಿಯುತ್ತದೆ.

ಇಲ್ಲಿ ಒಂದು ಎಚ್ಚರಿಕೆ ಅಗತ್ಯ. ಬ್ಯಾಟರಿ ಬದಲಿಸಿಕೊಡಿ ಎಂದು ರಿಪೇರಿಯವರ ಬಳಿ ಸುಮ್ಮನೆ ಕೊಟ್ಟರೆ, ಹಳೆಯದನ್ನು ತೆಗೆದ ಕೂಡಲೇ ನೆನಪೆಲ್ಲ ಅಳಿಸಿಹೋಗುತ್ತದೆ. ಮೊದಲು ಕಾರ್ಟ್ರಿಜ್ ಓದುವ ಉಪಕರಣವನ್ನು ಕಂಪ್ಯೂಟರಿಗೆ ಜೋಡಿಸಿ ಆ ನೆನಪನ್ನು ನಕಲು ಮಾಡಿಕೊಳ್ಳಬೇಕು. ಆಮೇಲೆ ಬ್ಯಾಟರಿ ಬದಲಿಸಿ ಅದನ್ನು ಮರಳಿ ತುಂಬಬೇಕು.

ಡಿಸ್ಕ್‌ಗಳ ಕಥೆ ಬೇರೆ. ಗೀರು ಬಿದ್ದರೆ ಓದುವುದಿಲ್ಲ. ಒಳಗಿರುವ ತೆಳುವಾದ ಅಲ್ಯೂಮಿನಿಯಂ ಪದರಕ್ಕೆ ಗಾಳಿ, ತೇವ ತಗಲಿದರೆ ಅದು ಹಾಳಾಗುತ್ತದೆ. ಸೆಗಾ ಕಂಪೆನಿಯ 'ಡ್ರೀಮ್‌ಕಾಸ್ಟ್' ಯಂತ್ರದ ತಯಾರಿಕೆ 2001ರಲ್ಲೇ ನಿಂತಿತು. ಅದರ ಡಿಸ್ಕ್ ಒಂದು ವಿಶೇಷ ಬಗೆಯದ್ದು, ಸುಮಾರು ಒಂದು ಗಿಗಾಬೈಟ್ ಹಿಡಿಯುವಂಥದ್ದು. ಸಾಮಾನ್ಯ ಕಂಪ್ಯೂಟರಿನ ಡ್ರೈವ್‌ಗೆ ಅದನ್ನು ಹಾಕಿದರೆ ಪೂರ್ತಿ ಓದಲು ಆಗುವುದಿಲ್ಲ. ಮೂಲ ಯಂತ್ರ ಕೆಟ್ಟರೆ ಡಿಸ್ಕ್ ಇದ್ದೂ ಇಲ್ಲದಂತೆ.

ಆದುದರಿಂದಲೇ ಸಂರಕ್ಷಣೆಯಲ್ಲಿ ತೊಡಗಿದವರು ನಕಲಿನ ನಿಖರತೆಗೆ ಬಹಳ ಮಹತ್ವ ಕೊಡುತ್ತಾರೆ. 'ರಿಡಂಪ್' ಮತ್ತು 'ನೋ-ಇಂಟ್ರೋ' ಎಂಬ ಯೋಜನೆಗಳು ಡಿಸ್ಕ್ ಮತ್ತು ಕಾರ್ಟ್ರಿಜ್‌ಗಳ ಸರಿಯಾದ ನಕಲಿನ 'ಬೆರಳಚ್ಚು'ಗಳನ್ನು ದಾಖಲಿಸುತ್ತವೆ. ಕಡತವನ್ನು ಲೆಕ್ಕಹಾಕಿ ಬರುವ ಒಂದು ಉದ್ದನೆಯ ಸಂಖ್ಯೆಯೇ ಈ ಬೆರಳಚ್ಚು. ಒಂದೇ ಒಂದು ಅಕ್ಷರ ಬದಲಾದರೂ ಸಂಖ್ಯೆ ಬೇರೆಯಾಗುತ್ತದೆ. ಇಬ್ಬರು ಬೇರೆ ಬೇರೆ ಊರಿನಲ್ಲಿ ಮಾಡಿದ ನಕಲಿನ ಸಂಖ್ಯೆ ಹೊಂದಿಕೆಯಾದರೆ ಅದು ಸರಿಯಾದ ನಕಲು ಎಂಬ ವಿಶ್ವಾಸ ಬರುತ್ತದೆ.

ಕಾನೂನು ಏನು ಹೇಳುತ್ತದೆ?

ನಕಲು ಎಂದ ಕೂಡಲೇ ಕಳ್ಳತನವಲ್ಲವೇ ಎಂಬ ಪ್ರಶ್ನೆ ಏಳುತ್ತದೆ. ಪ್ರಶ್ನೆ ಸರಿಯಾದದ್ದೇ. ನಮ್ಮ ದೇಶದ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಸೆಕ್ಷನ್ ಒಂದು ಅವಕಾಶ ಕೊಟ್ಟಿದೆ. ಕಂಪ್ಯೂಟರ್ ಪ್ರೋಗ್ರಾಮ್ ಒಂದರ ಪ್ರತಿಯನ್ನು ನ್ಯಾಯವಾಗಿ ಹೊಂದಿರುವವರು, ಅದು ಕಳೆದುಹೋಗದಂತೆ, ಹಾಳಾಗದಂತೆ ತಾತ್ಕಾಲಿಕ ರಕ್ಷಣೆಗಾಗಿ ಬ್ಯಾಕಪ್ ಪ್ರತಿ ಮಾಡಿಟ್ಟುಕೊಳ್ಳಬಹುದು. ಆದರೆ ಅದನ್ನು ನೆರೆಮನೆಗೆ ಹಂಚುವುದಕ್ಕೆ, ಮಾರುವುದಕ್ಕೆ ಈ ಅವಕಾಶವಿಲ್ಲ. ಇದಲ್ಲದೆ 2012ರ ತಿದ್ದುಪಡಿಯಲ್ಲಿ ಸೇರಿದ 65ಎ ಸೆಕ್ಷನ್ ಪ್ರಕಾರ, ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ಕಂಪೆನಿ ಹಾಕಿದ ಬೀಗವನ್ನು ಮುರಿಯುವುದು ಶಿಕ್ಷಾರ್ಹ ಅಪರಾಧ.

ಅಮೆರಿಕದಲ್ಲಿ ಕಾನೂನು ಇನ್ನೂ ಬಿಗಿಯಾಗಿದೆ. ಅಂಗಡಿಯಲ್ಲಿ ಸಿಗದ ಹಳೆಯ ಆಟಗಳನ್ನು ಸಂಶೋಧಕರು ದೂರದಿಂದಲೇ ತೆರೆದು ನೋಡಲು ಗ್ರಂಥಾಲಯಗಳಿಗೆ ಅನುಮತಿ ಕೊಡಿ ಎಂಬ ಬೇಡಿಕೆಯನ್ನು ಅಲ್ಲಿನ ಕೃತಿಸ್ವಾಮ್ಯ ಕಚೇರಿ 2024ರ ಅಕ್ಟೋಬರ್‌ನಲ್ಲಿ ತಿರಸ್ಕರಿಸಿತು. ಅನುಮತಿ ಕೊಟ್ಟರೆ ಜನರು ಮನರಂಜನೆಗಾಗಿ ಬಳಸಿಕೊಳ್ಳುತ್ತಾರೆ ಎಂಬುದು ಕಂಪೆನಿಗಳ ವಾದವಾಗಿತ್ತು. ಅದೇ ವರ್ಷ ಮಾರ್ಚ್‌ನಲ್ಲಿ, ನಿಂಟೆಂಡೋ ಹೂಡಿದ ದಾವೆ 24 ಲಕ್ಷ ಡಾಲರ್‌ಗಳ ರಾಜಿಯಲ್ಲಿ ಮುಗಿದು, 3ಡಿಎಸ್ ಆಟಗಳನ್ನು ಕಂಪ್ಯೂಟರಿನಲ್ಲಿ ನಡೆಸುತ್ತಿದ್ದ 'ಸಿಟ್ರಾ' ಎಂಬ ತಂತ್ರಾಂಶವೂ ನಿಂತುಹೋಯಿತು.

ಕಂಪೆನಿಯ ದುಡಿಮೆಗೆ ಬೆಲೆ ಬೇಕು ಎಂಬುದನ್ನು ಒಪ್ಪಲೇಬೇಕು. ಆದರೆ ತಾನೂ ಮಾರದೆ, ಗ್ರಂಥಾಲಯಕ್ಕೂ ಬಿಡದೆ ಇದ್ದರೆ ಆ ಕೃತಿಯ ಗತಿಯೇನು ಎಂಬ ಪ್ರಶ್ನೆಗೆ ಉತ್ತರ ಸಿಕ್ಕಿಲ್ಲ. ಈ ವಿಷಯದಲ್ಲಿ ಜಪಾನ್ ಒಂದು ಹೆಜ್ಜೆ ಮುಂದಿದೆ. ಅಲ್ಲಿನ ರಾಷ್ಟ್ರೀಯ ಗ್ರಂಥಾಲಯವು 2000ದಿಂದ ಡಬ್ಬಿಯಲ್ಲಿ ಮಾರಾಟವಾಗುವ ಆಟಗಳನ್ನೂ ಪುಸ್ತಕಗಳಂತೆ ಸ್ವೀಕರಿಸಿ ಇಡುತ್ತಿದೆ. ಅಮೆರಿಕದ ರೋಚೆಸ್ಟರ್ ನಗರದ 'ದಿ ಸ್ಟ್ರಾಂಗ್' ವಸ್ತುಸಂಗ್ರಹಾಲಯದಲ್ಲೂ ಆಟಗಳ ದೊಡ್ಡ ಸಂಗ್ರಹವಿದೆ. ಹಿಸ್ಟರಿ ಫೌಂಡೇಶನ್ 2025ರ ಜನವರಿಯಲ್ಲಿ ಆಟಗಳ ಇತಿಹಾಸದ ದಾಖಲೆಗಳು ಮತ್ತು ಹಳೆಯ ಪತ್ರಿಕೆಗಳ ಡಿಜಿಟಲ್ ಗ್ರಂಥಾಲಯವನ್ನು ಎಲ್ಲರಿಗೂ ತೆರೆಯಿತು.

ಮನೆಯಲ್ಲಿ ಏನು ಮಾಡಬಹುದು?

ಗೇಮ್ ಎಂದರೆ ಸಮಯ ತಿನ್ನುವ ವಸ್ತು, ಅದು ಅಳಿದರೆ ಒಳ್ಳೆಯದೇ ಎನ್ನುವ ತಾಯಂದಿರಿದ್ದಾರೆ. ಅವರ ಬೇಸರಕ್ಕೆ ಕಾರಣವಿಲ್ಲದಿಲ್ಲ. ಮಕ್ಕಳು ಊಟ ಬಿಟ್ಟು, ಪಾಠ ಬಿಟ್ಟು ಆಡುವುದನ್ನು ತಡೆಯುವುದು ಹೆತ್ತವರ ಹೊಣೆ. ಆದರೆ ಇಂದು ಆಡುವುದು ಬೇರೆ, ಕಳೆದ ಬಾಲ್ಯದ ಗುರುತನ್ನು ಜೋಪಾನ ಮಾಡುವುದು ಬೇರೆ. ಮಗುವಿನ ಮೊದಲ ಅಂಗಿಯನ್ನು ಪೆಟ್ಟಿಗೆಯಲ್ಲಿ ಮಡಚಿಡುವ ತಾಯಿಗೆ ಇದನ್ನು ಹೇಳಿಕೊಡಬೇಕಾಗಿಲ್ಲ.

ಹಳೆಯ ಯಂತ್ರ ಸಿಕ್ಕಿದರೆ ಮಕ್ಕಳನ್ನು ಕೇಳದೆ ಗುಜರಿಗೆ ಹಾಕಬೇಡಿ, ಯಾರಿಗೂ ಕೊಡಬೇಡಿ. ಮೊದಲು ಚಾರ್ಜ್ ಮಾಡಿ ನೋಡಿ. ಬ್ಯಾಟರಿ ಉಬ್ಬಿದ್ದರೆ ಮಾತ್ರ ಚಾರ್ಜ್ ಮಾಡಲೇಬೇಡಿ, ತಿಳಿದವರಿಗೆ ತೋರಿಸಿ.

3ಡಿಎಸ್‌ನಲ್ಲಿ ಕ್ಯಾಮರಾ ಇದೆ. ಅದರ ಎಸ್‌.ಡಿ. ಕಾರ್ಡ್‌ನಲ್ಲಿ ಮಕ್ಕಳು ಸಣ್ಣವರಿದ್ದಾಗ ತೆಗೆದ ಫೋಟೋಗಳು ಇರಬಹುದು. ಇಂದು ನಮ್ಮೊಡನಿಲ್ಲದ ಹಿರಿಯರ ಮುಖವೂ ಅಲ್ಲಿರಬಹುದು. ಯಂತ್ರವನ್ನು ಆಫ್ ಮಾಡಿ, ಕಾರ್ಡ್ ತೆಗೆದು, ಅದರಲ್ಲಿರುವುದನ್ನೆಲ್ಲ ಕಂಪ್ಯೂಟರಿಗೆ ನಕಲು ಮಾಡಿಟ್ಟುಕೊಳ್ಳಿ. 'ಫಾರ್ಮ್ಯಾಟ್ ಮಾಡಬೇಕೇ' ಎಂದು ಕಂಪ್ಯೂಟರ್ ಕೇಳಿದರೆ ಒಪ್ಪಬೇಡಿ. ಫೋಟೋಗಳನ್ನು ಎಲ್ಲಿ ಬೇಕಾದರೂ ನೋಡಬಹುದು. ಇಳಿಸಿಕೊಂಡ ಆಟಗಳು ಮಾತ್ರ ಆ ಯಂತ್ರಕ್ಕೇ ಬೀಗ ಹಾಕಿದಂತಿರುತ್ತವೆ, ನಕಲು ಮಾಡಿದರೂ ಬೇರೆ ಯಂತ್ರದಲ್ಲಿ ತೆರೆಯುವುದಿಲ್ಲ. ಹಾಗಾಗಿ ಕಾರ್ಡ್ ನಕಲು ಮಾಡಿದ್ದೇವೆಂದು ಯಂತ್ರವನ್ನು ಎಸೆಯಬಾರದು. ಕಾರ್ಟ್ರಿಜ್‌ನಲ್ಲಿ ಆಡಿದ ಆಟದ ನೆನಪು ಆ ಕಾರ್ಟ್ರಿಜ್‌ನೊಳಗೇ ಇರುತ್ತದೆ, ಅದೂ ಗಮನದಲ್ಲಿರಲಿ.

ನಕಲು ಒಂದೇ ಇದ್ದರೆ ಅದು ನಕಲಲ್ಲ ಎಂದು ತಿಳಿದವರು ಹೇಳುತ್ತಾರೆ. ಮೂರು ಪ್ರತಿ ಇರಲಿ, ಎರಡು ಬಗೆಯ ವಸ್ತುಗಳಲ್ಲಿರಲಿ, ಒಂದು ಪ್ರತಿ ಬೇರೆ ಮನೆಯಲ್ಲಿರಲಿ. ಚಿನ್ನದ ವಿಷಯದಲ್ಲಿ ನಾವು ಪಾಲಿಸುವ ಎಚ್ಚರಿಕೆಯೇ ಇದು. ಕರಾವಳಿಯ ಮಳೆಗಾಲದಲ್ಲಿ ತೇವದ ಭಯ ಹೆಚ್ಚು. ಗಾಳಿಯಾಡದ ಡಬ್ಬಿಯಲ್ಲಿ, ಹೊಸ ಚಪ್ಪಲಿ, ಬ್ಯಾಗ್‌ಗಳೊಂದಿಗೆ ಬರುವ ಸಿಲಿಕಾ ಜೆಲ್ ಪೊಟ್ಟಣ ಹಾಕಿ ಇಟ್ಟರೆ ಒಳ್ಳೆಯದು. ತೆಗೆಯಬಹುದಾದ ಸೆಲ್‌ಗಳಿದ್ದರೆ ತೆಗೆದಿಡಿ, ಸೋರಿದರೆ ಯಂತ್ರವೇ ಹಾಳು. ಡಬ್ಬಿಯ ಮೇಲೆ ಯಾರದ್ದು, ಯಾವ ವರ್ಷದ್ದು ಎಂದು ಒಂದು ಚೀಟಿ ಅಂಟಿಸಿ.

ಸಾವಿರ ಆಟ ತುಂಬಿಸಿಕೊಡುತ್ತೇವೆ ಎನ್ನುವ ಅಗ್ಗದ ಕಾರ್ಡ್‌ಗಳ ಮೋಹಕ್ಕೆ ಬೀಳದಿರುವುದು ಲೇಸು. ಇನ್ನೊಬ್ಬರ ದುಡಿಮೆಯನ್ನು ಕದ್ದು ಮಾರುವುದಕ್ಕೂ, ನಮ್ಮದನ್ನು ನಾವು ಕಾಯುವುದಕ್ಕೂ ಇರುವ ವ್ಯತ್ಯಾಸವನ್ನು ಮಕ್ಕಳು ಕಲಿಯುವುದು ಮನೆಯಲ್ಲೇ.

ಅಂದು ಜಪಾನಿನಲ್ಲಿ ಮೆಮೊರಿ ಪ್ಯಾಕ್ ಅಳಿಸದೆ ಬಿಟ್ಟವರಿಗೆ, ಕ್ಯಾಸೆಟ್ ಎಸೆಯದೆ ಇಟ್ಟವರಿಗೆ ತಾವು ಇತಿಹಾಸವನ್ನು ಕಾಯುತ್ತಿದ್ದೇವೆ ಎಂಬ ಅರಿವಿರಲಿಲ್ಲ. ಮಕ್ಕಳ ವಸ್ತುವೆಂದು ಅವರು ಇಟ್ಟುಕೊಂಡರು, ಅಷ್ಟೇ. ಮುಂದಿನ ಸಲ ಕಪಾಟು ಶುಚಿಗೊಳಿಸುವಾಗ ಆ ಡಬ್ಬಿ ಕೈಗೆ ಸಿಕ್ಕಿದರೆ ಒಮ್ಮೆ ಮಗಳನ್ನು ಕರೆದು ಪಕ್ಕದಲ್ಲಿ ಕುಳ್ಳಿರಿಸಿಕೊಳ್ಳಿ. "ನಿನ್ನ ಊರು ಎಲ್ಲಿದೆ, ತೋರಿಸು" ಎಂದು ಕೇಳಿ. ಅಕ್ಕ ಬರೆದ ಪತ್ರ ಇನ್ನೂ ಅಲ್ಲೇ ಇರಬಹುದು.