ಕತ್ತಿಯ ಮೇಲಿನ ಕೆಂಪು

ಮುಂಗಾರು ಹಿಡಿಯುವ ಹೊತ್ತಿಗೆ ಕವಲೇದುರ್ಗದ ಸುತ್ತಿನ ತೋಟಗಳಲ್ಲಿ ಎಲ್ಲರ ಬಾಯಲ್ಲೂ ಒಂದೇ ಮಾತು: ಔಷಧಿ ಹೊಡೆಸಿದಿರಾ? ಕೋಟೆಗುಡ್ಡಕ್ಕೆ ಮೋಡ ಕವಿದು ಮಳೆ ಬಿಡದೆ ಸುರಿಯತೊಡಗಿದರೆ, ಕೊಳೆರೋಗ ಕೊನೆಯಿಂದ ಕೊನೆಗೆ ಹಬ್ಬಿ ಕಾಯಿ ಉದುರಲು ಹೆಚ್ಚು ದಿನ ಬೇಡ. ಬೋರ್ಡೋ ದ್ರಾವಣದ ಅಳತೆ ನಮ್ಮ ಬೆಳೆಗಾರರಿಗೆಲ್ಲ ಬಾಯಿಪಾಠ: ಮೈಲುತುತ್ತ 1 ಕಿಲೋ, ಸುಣ್ಣ 1 ಕಿಲೋ, ನೀರು 100 ಲೀಟರ್. ಅಳತೆ ಸರಿಯಿದ್ದೂ ಔಷಧಿ ಕೆಡುವುದುಂಟು.

ತಪ್ಪು ಅನೇಕ ವೇಳೆ ಸುಣ್ಣದಲ್ಲಿರುತ್ತದೆ. ಗಾಳಿಗೆ ಬಿದ್ದ ಸುಣ್ಣ ಇಂಗಾಲಾಮ್ಲ ಅನಿಲವನ್ನು ಹೀರಿ ಸೀಮೆಸುಣ್ಣದಂತಾಗುತ್ತದೆ, ತೂಕವಿರುತ್ತದೆ, ಕಸುವಿರುವುದಿಲ್ಲ. ಅಂಥ ಸುಣ್ಣ ಹಾಕಿದರೆ ಮೈಲುತುತ್ತದ ತಾಮ್ರ ಕರಗಿದ ಸ್ಥಿತಿಯಲ್ಲೇ ಉಳಿದು ಎಳೆಗಾಯಿಯನ್ನು ಸುಡುತ್ತದೆ. ಸುಣ್ಣ ಸರಿಯಿದ್ದರೆ ತಾಮ್ರವೆಲ್ಲ ಆಕಾಶನೀಲಿಯ ನವಿರಾದ ಗಸಿಯಾಗಿ ಕಾಯಿಗೆ ಅಂಟಿ, ಮಳೆಯಲ್ಲಿ ಸ್ವಲ್ಪಸ್ವಲ್ಪವೇ ಬಿಟ್ಟುಕೊಡುತ್ತದೆ.

ಇದನ್ನು ತಕ್ಕಡಿ ಹೇಳಲಾರದು, ಕತ್ತಿ ಹೇಳುತ್ತದೆ. ತುಕ್ಕು ತೆಗೆದು ಹೊಳೆಯುವಂತೆ ಉಜ್ಜಿದ ಕಬ್ಬಿಣದ ಕತ್ತಿಯನ್ನು ದ್ರಾವಣದಲ್ಲಿ ಒಂದೆರಡು ನಿಮಿಷ ಅದ್ದಿ ತೆಗೆಯಿರಿ. ಅಲಗು ಕೆಂಪಗಾದರೆ ಸುಣ್ಣ ಸಾಲದು. ಆ ಕೆಂಪು ತುಕ್ಕಲ್ಲ, ತಾಮ್ರವೇ. ಲವಣದ ನೀರಿನಲ್ಲಿ ಕರಗುವ ತವಕ ತಾಮ್ರಕ್ಕಿಂತ ಕಬ್ಬಿಣಕ್ಕೆ ಹೆಚ್ಚು. ಕಬ್ಬಿಣ ಕರಗಿ ನೀರಿಗಿಳಿಯುತ್ತದೆ. ನೀರಿನಲ್ಲಿದ್ದ ತಾಮ್ರ ಲೋಹವಾಗಿ ಅದರ ಜಾಗದಲ್ಲಿ ಕೂರುತ್ತದೆ. ಬರಿಯ ಮೈಲುತುತ್ತದ ನೀರನ್ನು ಗಾಜಿನ ಸೀಸೆಯಲ್ಲಿಟ್ಟು ಒಂದು ಮೊಳೆಯನ್ನು ರಾತ್ರಿಯಿಡೀ ಮುಳುಗಿಸಿಟ್ಟರೆ ಮೊಳೆಗೆ ಕೆಂಪು ಪೊರೆ ಬಂದು ನೀರಿನ ನೀಲಿ ಮಾಸಿ ಹಸಿರು ಛಾಯೆಗೆ ತಿರುಗುತ್ತದೆ. ಶಾಲೆಗೆ ಹೋಗುವ ಮಕ್ಕಳಿಗೆ ತೋರಿಸಬಹುದು; ಆ ಸೀಸೆ ಮಾತ್ರ ಮತ್ತೆ ಅಡುಗೆಮನೆಗೆ ಬರಬಾರದು.

ಸ್ಟೇನ್‌ಲೆಸ್ ಸ್ಟೀಲ್ ಚಾಕು ಈ ಪರೀಕ್ಷೆಗೆ ಬಾರದು. ಅದರ ಮೈಮೇಲಿನ ಕಾಣದ ಪೊರೆ ತಾಮ್ರವನ್ನು ಕೂರಗೊಡುವುದಿಲ್ಲ. ಕೆಟ್ಟ ದ್ರಾವಣವೂ ಒಳ್ಳೆಯದೆಂದು ತೋರುತ್ತದೆ. ಕಬ್ಬಿಣದ ಅಥವಾ ತಗಡಿನ ಡ್ರಮ್ಮಿನಲ್ಲಿ ಮೈಲುತುತ್ತ ಕರಗಿಸುವುದೂ ಬೇಡ. ಕತ್ತಿಗೆ ಆದದ್ದೇ ಡ್ರಮ್ಮಿಗೂ ಆಗಿ ಔಷಧಿಯ ತಾಮ್ರ ಗೋಡೆಗೆ ಹೋಗುತ್ತದೆ, ಡ್ರಮ್ ತೂತಾಗುತ್ತದೆ. ಪ್ಲಾಸ್ಟಿಕ್ ಅಥವಾ ಸಿಮೆಂಟಿನ ತೊಟ್ಟಿ ವಾಸಿ.

ಫ್ರಾನ್ಸಿನ ದ್ರಾಕ್ಷಿ ತೋಟಗಳಿಗಾಗಿ ಮಿಲಾರ್ಡೆ 1885ರಲ್ಲಿ ಪ್ರಕಟಿಸಿದ ಔಷಧಿ ಇದು. ಮೈಸೂರು ಸರ್ಕಾರದ ಸೇವೆಯಲ್ಲಿದ್ದ ಡಾ. ಲೆಸ್ಲಿ ಕೋಲ್ಮನ್ ಅಡಕೆಯ ಕೊಳೆರೋಗವನ್ನು ಅಭ್ಯಾಸಮಾಡಿ 1910ರಲ್ಲಿ ವರದಿ ಹೊರತಂದರು, ಇದರ ಸಿಂಪಡಣೆಯನ್ನು ಮಲೆನಾಡಿಗೆ ತಂದರು. ಅಲ್ಲಿಯವರೆಗೆ ಕೊನೆಗೆ ಕೊಟ್ಟೆ ಕಟ್ಟುವುದೇ ಗತಿಯಾಗಿತ್ತು. ಕಾಫಿಯ ಎಲೆತುಕ್ಕಿಗೂ ಇದೇ ದ್ರಾವಣ, ಅರ್ಧದಷ್ಟು ಬಲದಲ್ಲಿ.

ಮೈಲುತುತ್ತವನ್ನು 50 ಲೀಟರ್ ನೀರಿನಲ್ಲಿ, ಸುಣ್ಣವನ್ನು ಇನ್ನೊಂದು 50 ಲೀಟರಿನಲ್ಲಿ ಬೇರೆಬೇರೆಯಾಗಿ ಕಲಸಿ, ಸುಣ್ಣದ ತಿಳಿಗೆ ಮೈಲುತುತ್ತದ ನೀರನ್ನು ನಿಧಾನವಾಗಿ ಕದಡುತ್ತ ಸುರಿಯಬೇಕು. ಕತ್ತಿ ಕೆಂಪಾದರೆ ಸುಣ್ಣದ ನೀರನ್ನು ಸ್ವಲ್ಪಸ್ವಲ್ಪವೇ ಸೇರಿಸಿ, ಕತ್ತಿಯನ್ನು ಮತ್ತೆ ಉಜ್ಜಿ ಅದ್ದಿರಿ. ಹಾಗೆಂದು ಕಣ್ಣುಮುಚ್ಚಿ ಸುರಿದರೆ ಸುಣ್ಣ ಅತಿಯಾಗಿ ತಾಮ್ರ ಕೆಲಸಮಾಡುವುದು ತಡವಾಗುತ್ತದೆ. ಕಲಸಿದ ದಿನವೇ ಹೊಡೆದು ಮುಗಿಸಿರಿ. 40-45 ದಿನಗಳ ಮೇಲೆ ಎರಡನೆಯ ಸಿಂಪಡಣೆ. ಆಗಲೂ ಪ್ರತಿ ತೊಟ್ಟಿಗೂ ಕತ್ತಿ ಅದ್ದಿ ನೋಡಿಯೇ ಕೊನೆಗಾರರನ್ನು ಮರ ಹತ್ತಿಸಿರಿ.