ಯುವರಾಜನಿಗೆ ವಿಷ ಹಾಕಿದ್ದು ಯಾರು?

ನಾಯಂಡಹಳ್ಳಿಯಲ್ಲಿ ಮೆಟ್ರೋ ಹತ್ತಿದರೆ ನಾಲ್ಕನೇ ಸ್ಟಾಪು ವಿಜಯನಗರ. ನಮ್ಮ ಕೇಸು ಆ ಇನ್ನೊಂದು ವಿಜಯನಗರದ್ದು, 1524ರ ಸುಮಾರಿನದು.

ಕೃಷ್ಣದೇವರಾಯ ಆರು ವರ್ಷದ ಮಗನಿಗೆ ಪಟ್ಟ ಕಟ್ಟಿದ. ಎಂಟು ತಿಂಗಳ ಸಂಭ್ರಮದ ನಡುವೆಯೇ ಮಗು ತೀರಿಕೊಂಡಿತು. ವಿಷ ಹಾಕಿದ್ದು ಮಂತ್ರಿ ತಿಮ್ಮರಸನ ಮಗ ಅಂತ ಆರೋಪ. ರಾಯ ತಿಮ್ಮರಸನ ಕಣ್ಣು ಕೀಳಿಸಿದ.

ಹಿಂದೆ ಇದೇ ರಾಯನ ಕಣ್ಣು ಕೀಳಲು ಅವನ ಅಣ್ಣ ಅಪ್ಪಣೆ ಕೊಟ್ಟಾಗ, ಮೇಕೆಯ ಕಣ್ಣು ತೋರಿಸಿ ಉಳಿಸಿದವನು ತಿಮ್ಮರಸ! ಯಾವ ಸೀರಿಯಲ್ ರೈಟರ್ ತಾನೇ ಇದನ್ನು ಬಿಟ್ಟಾನು?

ಆದರೆ ಇದನ್ನೆಲ್ಲ ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜ್ ಬರೆದದ್ದು ಹತ್ತು ವರ್ಷ ಕಳೆದ ಮೇಲೆ. ಅವನಲ್ಲಿ ರಾಜನ ಆರೋಪವಿದೆ, ಮಂತ್ರಿಯ ಉತ್ತರವಿಲ್ಲ.

ಹಾಲಿಗೆ ವಿಷ ಬೆರೆಸುವ ಕೈಯನ್ನು ಕ್ಲೋಸಪ್ಪಿನಲ್ಲಿ ತೋರಿಸಿದರೆ ಟೀವಿಯೇ ತೀರ್ಪು ಕೊಟ್ಟಂತೆ. ಆ ಶಾಟ್ ಬೇಡ, ಡೈರೆಕ್ಟರ್ ಸಾಹೇಬ್ರೇ.