ಜಾಮೀನು ಹಾಕಿದವರ ಆಸ್ತಿಯನ್ನು ಬ್ಯಾಂಕ್ ಮುಟ್ಟುವಂತಿಲ್ಲವೇ? ನಿಜ ಏನು?

“ಜಾಮೀನುದಾರರ ಆಸ್ತಿಯನ್ನು ಬ್ಯಾಂಕ್ ಜಪ್ತಿ ಮಾಡುವಂತಿಲ್ಲ. ಮೊದಲು ಸಾಲಗಾರನ ಆಸ್ತಿ ಮಾರಬೇಕು. ಸುಪ್ರೀಂ ಕೋರ್ಟೇ ಹೇಳಿದೆ. ಎಲ್ಲರಿಗೂ ಕಳಿಸಿ.” ಇಂಥ ಸಂದೇಶ ನಿಮ್ಮ ಫೋನಿಗೂ ಬಂದಿದ್ದರೆ ಕಳಿಸುವ ಮೊದಲು ಇದನ್ನು ಓದಿ. ಇದನ್ನು ನಂಬಿ ನೋಟಿಸನ್ನು ಬೀರುವಿನಲ್ಲಿಟ್ಟು ಕುಳಿತವರು ಮನೆ ಕಳೆದುಕೊಳ್ಳಬಹುದು.

ಒಂದು ಉದಾಹರಣೆ ನೋಡೋಣ. ಶ್ರೀರಂಗಪಟ್ಟಣ ತಾಲ್ಲೂಕಿನ ಕಿರಂಗೂರಿನಲ್ಲಿ ಒಬ್ಬ ರೈತರಿದ್ದಾರೆ ಎಂದುಕೊಳ್ಳಿ. ಭಾವಮೈದನ ವ್ಯಾಪಾರದ ಸಾಲಕ್ಕೆ ಊರೊಳಗಿನ ಮನೆಯ ಪತ್ರ ಅಡವಿಟ್ಟು ಜಾಮೀನು ನಿಂತರು. ಕಬ್ಬು, ಭತ್ತ ಬೆಳೆಯುವ ಗದ್ದೆ ಬೇರೆ ಇದೆ. ಭಾವಮೈದ ಕಂತು ಕಟ್ಟುವುದನ್ನು ನಿಲ್ಲಿಸಿದ. ಈಗ?

ಕಾನೂನು ಏನು ಹೇಳುತ್ತದೆ?

1872ರ ಕರಾರು ಕಾಯ್ದೆಯ 128ನೇ ಸೆಕ್ಷನ್ ಪ್ರಕಾರ, ಜಾಮೀನು ಪತ್ರದಲ್ಲಿ ಬೇರೆ ಷರತ್ತು ಇಲ್ಲದಿದ್ದರೆ, ಸಾಲಗಾರನಿಗೆ ಎಷ್ಟು ಹೊಣೆಯೋ ಜಾಮೀನುದಾರನಿಗೂ ಅಷ್ಟೇ. ಮೊದಲು ಸಾಲಗಾರನ ಬೆನ್ನು ಹತ್ತಬೇಕೆಂಬ ನಿಯಮವಿಲ್ಲ ಎಂದು ಸುಪ್ರೀಂ ಕೋರ್ಟ್ 1968ರಲ್ಲೇ ಹೇಳಿದೆ. ಅಡಮಾನದ ಆಸ್ತಿಯನ್ನು ಕೋರ್ಟಿಗೆ ಹೋಗದೆ ವಶಪಡಿಸಿಕೊಳ್ಳಲು ಬ್ಯಾಂಕುಗಳಿಗೆ ಅಧಿಕಾರ ಕೊಟ್ಟ 2002ರ ಸರ್ಫೇಸಿ ಕಾಯ್ದೆಯಲ್ಲಿ ‘ಸಾಲಗಾರ’ ಎಂಬ ಪದದೊಳಗೇ ಜಾಮೀನುದಾರನೂ ಸೇರಿದ್ದಾನೆ.

ಹಾಗಾದರೆ ಈ ಗೊಂದಲ ಬರಲು ಕಾರಣವೇನು?

ಸುಪ್ರೀಂ ಕೋರ್ಟ್ ಜಾಮೀನುದಾರರ ಪರ ಹೇಳಿದ್ದೂ ಉಂಟು, ಅದೂ ನಮ್ಮ ರಾಜ್ಯದ್ದೇ ಪ್ರಕರಣದಲ್ಲಿ. ಕರ್ನಾಟಕ ರಾಜ್ಯ ಹಣಕಾಸು ಸಂಸ್ಥೆಯು 1951ರ ಹಣಕಾಸು ಸಂಸ್ಥೆಗಳ ಕಾಯ್ದೆಯ 29ನೇ ಸೆಕ್ಷನ್ ಬಳಸಿ ಜಾಮೀನುದಾರರ ಆಸ್ತಿಯನ್ನು ನೇರವಾಗಿ ವಶಪಡಿಸಿಕೊಳ್ಳುವಂತಿಲ್ಲ ಎಂದು 2008ರಲ್ಲಿ ತೀರ್ಪು ಬಂತು. ಆ ಸೆಕ್ಷನ್ ಸಾಲ ಪಡೆದ ಉದ್ಯಮಕ್ಕೆ ಮಾತ್ರ ಅನ್ವಯಿಸುತ್ತದೆ. ಬ್ಯಾಂಕುಗಳು ಬಳಸುವ ಸರ್ಫೇಸಿ ಬೇರೆಯೇ ಕಾಯ್ದೆ. ಒಂದರ ತೀರ್ಪನ್ನು ಇನ್ನೊಂದಕ್ಕೆ ಅಂಟಿಸಿದರೆ ಎಡವಟ್ಟಾಗುತ್ತದೆ.

ಯಾವ ಆಸ್ತಿಗೆ ಅಪಾಯ?

ಅಡವಿಟ್ಟ ಮನೆ: ಸರ್ಫೇಸಿ ಅಡಿ ಬ್ಯಾಂಕ್ ವಶಕ್ಕೆ ಪಡೆದು ಹರಾಜು ಹಾಕಬಹುದು.

ಅಡವಿಡದ ಆಸ್ತಿ: ಬರೀ ಸಹಿ ಹಾಕಿದ್ದರೆ ಬ್ಯಾಂಕ್ ಸರ್ಫೇಸಿ ಬಳಸಿ ಇದಕ್ಕೆ ಕೈ ಹಾಕುವಂತಿಲ್ಲ. ಆದರೆ ಸಿವಿಲ್ ಕೋರ್ಟಿಗೆ, ಬಾಕಿ 20 ಲಕ್ಷ ರೂಪಾಯಿ ಅಥವಾ ಹೆಚ್ಚಿದ್ದರೆ ಸಾಲ ವಸೂಲಾತಿ ನ್ಯಾಯಮಂಡಳಿಗೆ ಹೋಗಿ ಆದೇಶ ತರಬಹುದು.

ಕೃಷಿ ಜಮೀನು: ಸರ್ಫೇಸಿಯ 31ನೇ ಸೆಕ್ಷನ್ ಇದಕ್ಕೆ ವಿನಾಯಿತಿ ಕೊಟ್ಟಿದೆ. ಆದರೆ ಪಹಣಿಯಲ್ಲಿ ‘ಕೃಷಿ’ ಎಂದಿದ್ದರಷ್ಟೇ ಸಾಲದು, ನಿಜವಾಗಿ ಬೇಸಾಯ ನಡೆಯುತ್ತಿರಬೇಕು. ಹೆದ್ದಾರಿ ಬದಿಯಲ್ಲಿ ಜಮೀನನ್ನು ಸೈಟು ಮಾಡಲು ಪರಿವರ್ತನೆ ಮಾಡಿಸಿದ್ದರೆ ಈ ರಕ್ಷಣೆ ನೆಚ್ಚಿಕೊಳ್ಳಬೇಡಿ.

ನೋಟಿಸ್ ಬಂದರೆ ಏನು ಮಾಡಬೇಕು?

ಸಾಮಾನ್ಯವಾಗಿ ಕಂತು 90 ದಿನ ಮೀರಿ ಬಾಕಿ ಉಳಿದರೆ ಸಾಲ ‘ಎನ್‌ಪಿಎ’ ಆಗುತ್ತದೆ. ನಂತರ ಬ್ಯಾಂಕ್ 60 ದಿನಗಳ ನೋಟಿಸ್ ಕೊಡಬೇಕು. ಅದನ್ನು ಪಡೆದುಕೊಳ್ಳದೆ ವಾಪಸ್ ಕಳಿಸಬೇಡಿ. ಲೆಕ್ಕ ತಪ್ಪಿದ್ದರೆ, ಜಮೀನು ಕೃಷಿಯದ್ದಾಗಿದ್ದರೆ ಲಿಖಿತ ಆಕ್ಷೇಪಣೆ ಕೊಡಿ; 15 ದಿನಗಳಲ್ಲಿ ಬ್ಯಾಂಕ್ ಉತ್ತರಿಸಬೇಕು. ಬ್ಯಾಂಕ್ ವಶಕ್ಕೆ ಪಡೆದರೆ 45 ದಿನಗಳೊಳಗೆ ಸಾಲ ವಸೂಲಾತಿ ನ್ಯಾಯಮಂಡಳಿಗೆ ಅರ್ಜಿ ಹಾಕಬಹುದು. ನಮ್ಮವರಿಗೆ ಅದು ಇರುವುದು ಬೆಂಗಳೂರಿನಲ್ಲಿ. ಹರಾಜಿನ ಪ್ರಕಟಣೆ ಹೊರಬೀಳುವ ಮೊದಲು ಪೂರ್ತಿ ಬಾಕಿ, ಖರ್ಚು ಕಟ್ಟಿದರೆ ಆಸ್ತಿ ಉಳಿಯುತ್ತದೆ. ಪ್ರಕಟಣೆ ಬಂದ ಮೇಲೆ ಆ ಹಕ್ಕು ಕೈತಪ್ಪುತ್ತದೆ.

ಜಾಮೀನುದಾರನೇ ಸಾಲ ತೀರಿಸಿದರೆ ಅಲ್ಲಿಗೆ ಮುಗಿಯಲಿಲ್ಲ. ಬ್ಯಾಂಕಿಗೆ ಇದ್ದ ಹಕ್ಕು ಈಗ ಅವನದು. ಸಾಲಗಾರನಿಂದ ಆ ಹಣ ವಸೂಲು ಮಾಡಬಹುದು. ಕಟ್ಟಿದ ಪ್ರತಿ ರಸೀದಿ ಜೋಪಾನ ಮಾಡಿ.

ಕೊನೆಗೆ ಹೇಳುವುದಿಷ್ಟು

ಆ ಸಂದೇಶ ಅರ್ಧ ಸತ್ಯ. ಜಾಮೀನು ಸಹಿ ಬರೀ ಸಾಕ್ಷಿ ಸಹಿಯಲ್ಲ, ಸಾಲದ ಸಹಿ. ನೆಂಟಸ್ತನಕ್ಕೆ ಹಾಕುವ ಮೊದಲು “ಈ ಸಾಲ ನಾನೇ ಕಟ್ಟಬೇಕಾಗಿ ಬಂದರೆ ಕಟ್ಟಬಲ್ಲೆನಾ?” ಎಂದು ಕೇಳಿಕೊಳ್ಳಿ. ಈಗಾಗಲೇ ಹಾಕಿದ್ದರೆ, ನೋಟಿಸ್ ಬಂದ ದಿನವೇ ದಿನ ಎಣಿಸಲು ಶುರುಮಾಡಿ, ವಕೀಲರನ್ನು ಕಾಣಿ. ವಕೀಲರ ಶುಲ್ಕಕ್ಕೆ ಹಣವಿಲ್ಲದಿದ್ದರೆ ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿ. ಫಾರ್ವರ್ಡ್ ಮಾಡಲೇಬೇಕೆಂದರೆ ಇದನ್ನು ಮಾಡಿ.